ಯಾವ ಉಮಾಶ್ರೀ, ಮಗಳೇ?

ಪುಟ್ಟಿ,

ಭಾನುವಾರ ಫೋನ್ ಕಟ್ ಮಾಡಿದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡ. ಇನ್ನೆರಡು ನಿಮಿಷ ಮಾತಾಡಿದ್ದರೆ ಬಾಯಿಗೆ ಬಂದದ್ದೆಲ್ಲ ಅಂದುಬಿಡುತ್ತಿದ್ದೆ. ಅವತ್ತಿನಿಂದ ನಿಮ್ಮಮ್ಮ ಊಟಕ್ಕೆ ಏಳಿ, ಸ್ನಾನಕ್ಕೆ ಏಳಿ ಅನ್ನುವುದು ಬಿಟ್ಟರೆ ನನ್ನ ಹತ್ತಿರ ಬೇರೆ ಮಾತಾಡಿಲ್ಲ. ಗುರುವಾರದೊಳಗೆ ಆ ಸೀರಿಯಲ್‌ನವರಿಗೆ ಹೂಂ ಅಂತಲೋ ಊಹೂಂ ಅಂತಲೋ ಹೇಳಬೇಕು ಅಂದೆಯಲ್ಲ, ಅದಕ್ಕೇ ಅವಸರದಲ್ಲಿ ಬರೆಯುತ್ತಿದ್ದೇನೆ. ವಾಟ್ಸಾಪ್‌ನಲ್ಲಿ ನಾನೊಂದು ಒತ್ತಿದರೆ ಅದೊಂದು ಬರುತ್ತದೆ. ಕಾಗದದಲ್ಲಿ ಬರೆದು ಫೋಟೋ ತೆಗೆದು ಕಳಿಸುತ್ತೇನೆ. ಪೂರ್ತಿ ಓದು. ಮೇಲೆ ಮೇಲೆ ನೋಡಿ ಹೆಬ್ಬೆರಳು ತೋರಿಸುವ ಚಿತ್ರ ಕಳಿಸಬೇಡ.

ಆ ಪಾತ್ರ ಬೇಡ ಅಂದಿದ್ದಕ್ಕೆ ನನಗೆ ಸಿಟ್ಟಿಲ್ಲ. ಬೇಡ ಅನ್ನುವುದು ನಿನ್ನಿಷ್ಟ. ನೀನು ಕೊಟ್ಟ ಕಾರಣ ಮಾತ್ರ ನನಗೆ ಸರಿಹೋಗಲಿಲ್ಲ. "ಮನೆಕೆಲಸದವಳ ಪಾತ್ರ ಅಪ್ಪಾ, ತಿಪಟೂರು ಭಾಷೆ ಮಾತಾಡಿ ನಗಿಸಬೇಕಂತೆ. ಉಮಾಶ್ರೀ ಥರ ಕಾಮಿಡಿ ಮಾಡೋಕೆ ನಾನು ಹೆಗ್ಗೋಡಿಗೆ ಹೋಗಿ ನಾಟಕ ಕಲಿಯಬೇಕಿತ್ತಾ?" ಅಂದೆ. ನೀನು ಹೇಳಿದ್ದು ಯಾವ ಉಮಾಶ್ರೀ ಅಂತ ಕೇಳೋಣ ಅನ್ನಿಸಿತು. ಬಾಯಲ್ಲಿ ಬಂದದ್ದು ನಿನ್ನ ರೂಮಿನ ಬಾಡಿಗೆ ಮಾತು. ಆಮೇಲಿನದು ಇಬ್ಬರಿಗೂ ಗೊತ್ತು.

ನಿನ್ನನ್ನು ಹೆಗ್ಗೋಡಿಗೆ ಕಳಿಸುವಾಗ ಮನೆಯಲ್ಲಿ ಏನೇನು ನಡೆಯಿತು, ನಿಮ್ಮ ದೊಡ್ಡಪ್ಪ ಏನಂದರು, ಅದನ್ನೆಲ್ಲ ಈಗ ತೆಗೆಯುವುದು ಬೇಡ. ಊರೂರು ಸುತ್ತುವ ತಿರುಗಾಟದಲ್ಲಿ ನೀನು ತುಮಕೂರಿಗೆ ಬಂದು ನಾಟಕ ಆಡಿದ ರಾತ್ರಿ ನಾನು ಎಲ್ಲಿ ಕೂತಿದ್ದೆ, ಏನು ಹೇಳಿದೆ ಅನ್ನುವುದೂ ನಿನಗೆ ನೆನಪಿದೆ. ಅದೂ ಬೇಡ. ಉಮಾಶ್ರೀ ವಿಷಯಕ್ಕೆ ಬರುತ್ತೇನೆ.

ಅವರು ನಮ್ಮ ಕಡೆಯವರೇ ಅಂತ ನಿನಗೆ ಗೊತ್ತೋ ಇಲ್ಲವೋ. ನೊಣವಿನಕೆರೆಯಲ್ಲಿ ಹುಟ್ಟಿದ್ದು, 1957ರಲ್ಲಿ. ನಮ್ಮ ತಾಲೂಕಿನದೇ ಊರು. ಅದಕ್ಕೇ ಅಪ್ಪ ಪಕ್ಷಪಾತ ಮಾಡುತ್ತಾರೆ ಅನ್ನುತ್ತೀಯ. ಇರಲಿ, ಸ್ವಲ್ಪ ಇದೆ.

ನಾನು ಅವರನ್ನು ಮೊದಲು ನೋಡಿದ್ದು ಸಿನಿಮಾದಲ್ಲಿ ಅಲ್ಲ. ಹಾರ್ಮೋನಿಯಂ ರಿಪೇರಿಗೆ ಅಂತ ಬೆಂಗಳೂರಿನ ಬಳೇಪೇಟೆಗೆ ಹೋಗಿದ್ದೆ. ಪೆಟ್ಟಿಗೆ ನಾಳೆ ಕೊಡುತ್ತೇವೆ ಅಂದರು. ರಾತ್ರಿ ಕಳೆಯಬೇಕಲ್ಲ, ಗೆಳೆಯರೊಬ್ಬರು ರವೀಂದ್ರ ಕಲಾಕ್ಷೇತ್ರಕ್ಕೆ ಕರೆದುಕೊಂಡು ಹೋದರು. 'ಒಡಲಾಳ' ನಾಟಕ. ದೇವನೂರ ಮಹಾದೇವ ಅವರ ಕತೆ, ಸಿ.ಜಿ. ಕೃಷ್ಣಸ್ವಾಮಿ ಅವರ ನಿರ್ದೇಶನ. ಉಮಾಶ್ರೀ ಅದರಲ್ಲಿ ಸಾಕವ್ವ. ಹಿಂದಿನ ಸಾಲಿನಲ್ಲಿ ಕೂತಿದ್ದೆ. ಬೇಜಾರಾದರೆ ಎದ್ದು ಹೋಗೋಣ ಅಂತಲೇ ಅಲ್ಲಿ ಕೂತಿದ್ದು.

ಕತೆ ನೀನೂ ಓದಿದ್ದೀಯ. ಸಾಕವ್ವನ ಹುಂಜ ಕಳೆದುಹೋಗಿದೆ, ಮುದುಕಿ ಅದನ್ನು ಹುಡುಕುತ್ತಿದ್ದಾಳೆ. ರಾತ್ರಿ ಮನೆಮಂದಿಯೆಲ್ಲ ಸುತ್ತ ಕೂತು ಕದ್ದು ತಂದ ಕಡಲೆಕಾಯಿ ತಿನ್ನುತ್ತಾರೆ. ಬೆಳಗಾಗುವುದರೊಳಗೆ ಒಂದು ಸಿಪ್ಪೆಯೂ ಉಳಿಯಬಾರದು, ಹುಡುಕಿಕೊಂಡು ಬಂದರೆ ಸಿಕ್ಕಿಬೀಳುತ್ತಾರೆ. ನಮ್ಮ ಪೌರಾಣಿಕ ನಾಟಕದಲ್ಲಿ ಚಂದ್ರಮತಿಗೆ ಹಸಿವಾದರೆ ರಾಗ ತೆಗೆದು ಅಳುತ್ತಾಳೆ, ನಾನು ಹಿಂದೆ ಪೆಟ್ಟಿಗೆ ಎಳೆಯುತ್ತೇನೆ. ಹಸಿದವರು ಒಟ್ಟಿಗೆ ಕೂತು ತಿಂದು ಖುಷಿಪಡುವುದನ್ನು ನಾಟಕದಲ್ಲಿ ತೋರಿಸಬಹುದು ಅಂತ ನನಗೆ ಗೊತ್ತೇ ಇರಲಿಲ್ಲ. ನನಗೆ ಆವತ್ತು ಗಂಟಲು ಕಟ್ಟಿದ್ದು ಆ ಖುಷಿ ನೋಡಿ.

ಇನ್ನೊಂದು ವಿಷಯ. ಅವರಿಗೆ ಆಗ ಮುದುಕಿಯಾಗುವ ವಯಸ್ಸಲ್ಲ. ಕತೆಯ ಮಾತೋ ನಂಜನಗೂಡಿನ ಕಡೆಯದು. ನಮ್ಮ ತಿಪಟೂರಿನ ನಾಲಗೆಗೆ ಅದು ಸಲೀಸಾಗಿ ಹೊರಳುವುದಿಲ್ಲ. ನಾನು ಕಿವಿಯಿಂದ ಬದುಕಿದ ಮನುಷ್ಯ, ಯಾರು ಎಲ್ಲಿ ಜಾರಿದರು ಅಂತ ಹುಡುಕುವುದೇ ನನ್ನ ಚಾಳಿ. ಆವತ್ತು ಹುಡುಕಿ ಹುಡುಕಿ ಸೋತೆ. ಬೈಗುಳ ಕೂಡ ಶ್ರುತಿ ಬಿಡಲಿಲ್ಲ.

ಆಮೇಲೆ 1984ರಲ್ಲಿ ಕಾಶೀನಾಥ್ ಅವರ 'ಅನುಭವ' ಬಂತು. ನಮ್ಮೂರ ಟೆಂಟಿಗೆ ರೀಲಿನ ಡಬ್ಬ ಬರುವುದಕ್ಕೆ ಮೊದಲೇ ಅದರ ಸುದ್ದಿ ಬಂದಿತ್ತು. ಅಲ್ಲಿಂದ ಮುಂದೆ ಸಿನಿಮಾದವರು ಅವರನ್ನು ಕರೆದಿದ್ದು ಬಹಳ ಮಟ್ಟಿಗೆ ಒಂದೇ ಕೆಲಸಕ್ಕೆ. ಹಾಸ್ಯನಟ ಎನ್.ಎಸ್. ರಾವ್ ಜೊತೆ ಒಂದು ಜಗಳ, ಎರಡರ್ಥದ ನಾಲ್ಕು ಮಾತು, ಸೊಂಟದ ಮೇಲೆ ಕೈ, ಮುಗಿಯಿತು. ನೀನು ಹೇಳುವ ಉಮಾಶ್ರೀ ಇವರೇ ಅಲ್ವಾ?

ನಿನ್ನ ಮಾತು ಅಷ್ಟಕ್ಕೆ ಸರಿ. ನಿಮ್ಮಮ್ಮನ ಪಕ್ಕ ಟೆಂಟಿನಲ್ಲಿ ಕೂತು ಅಂಥ ಸೀನು ನೋಡುವಾಗ ನಾನೂ ತಲೆ ತಗ್ಗಿಸಿದ್ದೇನೆ. ಆದರೆ ಆ ಮಾತುಗಳನ್ನು ಬರೆದವರು ಯಾರು? ಇಷ್ಟು ಸಾಲದು, ಇನ್ನೂ ಸ್ವಲ್ಪ ಹಾಕಿ ಅಂದವರು ಯಾರು? ಶಿಳ್ಳೆ ಹೊಡೆದವರಂತೂ ನಮ್ಮೂರಿನವರೇ, ಅದರಲ್ಲಿ ಇಬ್ಬರು ನನ್ನ ಹತ್ತಿರ ಅರ್ಜುನ, ಭೀಮನ ಪಾತ್ರ ಕಲಿತವರು. ಅವರ್ಯಾರ ಹೆಸರೂ ನಿನ್ನ ಬಾಯಿಗೆ ಬರಲಿಲ್ಲ. ಆಡಿದ ಹೆಂಗಸಿನ ಹೆಸರು ಬಂತು. ನನಗೆ ಉರಿದದ್ದು ಇದಕ್ಕೆ. ನೀನೂ ಬಣ್ಣ ಹಚ್ಚುವವಳು. ನಾಳೆ ನಿನ್ನ ಹೆಸರನ್ನು ಇನ್ನೊಬ್ಬ ಹುಡುಗಿ ಹೀಗೇ ಬೀಸಾಡಿದರೆ?

ಆ ಕಾಮಿಡಿ ಅನ್ನುವುದೂ ಸುಮ್ನೆ ಬರುವುದಲ್ಲ ಕಣಮ್ಮ. ಅಳಿಸುವಾಗ ತಾಳದಲ್ಲಿ ಅರ್ಧ ಮಾತ್ರೆ ಹೆಚ್ಚುಕಮ್ಮಿ ಆದರೂ ಜನ ಅಳುತ್ತಾರೆ. ನಗಿಸುವಾಗ ಅರ್ಧ ಮಾತ್ರೆ ತಪ್ಪಿದರೆ ಇಡೀ ಸಭೆ ಕೆಮ್ಮುತ್ತದೆ. ನಿನಗೆ ಹೆಗ್ಗೋಡಿನಲ್ಲಿ ಇದನ್ನು ಹೇಳಿಕೊಟ್ಟಿರುತ್ತಾರೆ, ಅವರ ಪಾಠಕ್ಕೆ ನಾನು ಕೈ ಹಾಕುವುದಿಲ್ಲ.

1995ರಲ್ಲಿ 'ಪುಟ್ನಂಜ' ಬಂತು. ಅದರಲ್ಲಿ ಅಜ್ಜಿ ಪಾತ್ರ. ಮೊಮ್ಮಗ ಯಾರು? ರವಿಚಂದ್ರನ್. ರವಿಚಂದ್ರನ್ ಹುಟ್ಟಿದ್ದು 1961ರಲ್ಲಿ. ನೀನೇ ಕಳೆದು ನೋಡು, ತನಗಿಂತ ನಾಲ್ಕೇ ವರ್ಷ ಚಿಕ್ಕವರಿಗೆ ಅಜ್ಜಿ! ಸಿನಿಮಾ ನೋಡಿಕೊಂಡು ಬಂದ ನಿಮ್ಮಜ್ಜಿ, "ಆಯಮ್ಮಂಗೂ ನನ್ನಷ್ಟೇ ವಯಸ್ಸಾಗಿರಬೇಕು, ಪಾಪ, ಈ ವಯಸ್ಸಲ್ಲೂ ಎಷ್ಟು ಓಡಾಡ್ತದೆ" ಅಂದಿದ್ದರು. ನಾನು ನಿಜ ಹೇಳಲಿಲ್ಲ. ಹೇಳಿದ್ದರೂ ನಂಬುತ್ತಿರಲಿಲ್ಲ ಬಿಡು.

ಈಗ ನಾನು ಹೇಳಬೇಕು ಅಂತ ಕೂತದ್ದಕ್ಕೆ ಬರುತ್ತೇನೆ. ಇದನ್ನು ನಿನಗೆ ಯಾವತ್ತೂ ಹೇಳಿಲ್ಲ. ಇದು ಉಮಾಶ್ರೀ ಕತೆಯಲ್ಲ. ಹೆಸರಿಲ್ಲದ ಒಬ್ಬರದು.

ನೀನಿನ್ನೂ ಹುಟ್ಟಿರಲಿಲ್ಲ. ತುರುವೇಕೆರೆ ಕಡೆಯ ಒಂದು ಊರಿನಲ್ಲಿ ಕುರುಕ್ಷೇತ್ರ. ನಮ್ಮ ಕಡೆಯ ಪದ್ಧತಿ ನಿನಗೆ ಗೊತ್ತಲ್ಲ, ದುರ್ಯೋಧನನಿಗೆ ಇಷ್ಟು, ಕೃಷ್ಣನಿಗೆ ಇಷ್ಟು ಅಂತ ಊರಿನ ಗಂಡಸರು ದುಡ್ಡು ಕಟ್ಟಿ ಪಾತ್ರ ಹಿಡಿಯುತ್ತಾರೆ. ತಿಂಗಳುಗಟ್ಟಲೆ ನನ್ನ ಹತ್ತಿರ ತಾಲೀಮು. ಹೆಣ್ಣು ಪಾತ್ರಕ್ಕೆ ಮಾತ್ರ ಹೊರಗಿನಿಂದ ಕಲಾವಿದೆಯರು. ಅವರು ನಾಟಕದ ದಿನ ಸಾಯಂಕಾಲ ಬಸ್ಸಿಳಿದು ಬರುತ್ತಾರೆ. ತಾಲೀಮು ಗೀಲೀಮು ಏನೂ ಇಲ್ಲ. ನಾಟಕವೆಲ್ಲ ಅವರಿಗೆ ಬಾಯಿಪಾಠ. ಯಾವ ಊರಿನ ದುರ್ಯೋಧನ ಯಾವ ಶ್ರುತಿಯಲ್ಲಿ ಕಿರುಚಿದರೂ ಅದಕ್ಕೆ ಹೊಂದಿಕೊಂಡು ಹಾಡಬೇಕು, ಅವನು ಮಾತು ಮರೆತರೆ ಅವನ ಮಾತನ್ನೂ ತಾವೇ ಎಳೆದುಕೊಂಡು ಹೋಗಬೇಕು. ಇಡೀ ರಂಗದಲ್ಲಿ ನಿಜವಾಗಿ ಕೆಲಸ ಗೊತ್ತಿರುವವರು ಅವರೇ. ಆದರೆ ನಮ್ಮ ಜನರ ಲೆಕ್ಕ ನೋಡು. ದುಡ್ಡು ಕೊಟ್ಟು ಪಾತ್ರ ಮಾಡುವವನು ಮರ್ಯಾದಸ್ಥ, ದುಡ್ಡು ಪಡೆದು ಪಾತ್ರ ಮಾಡುವವಳು ಸಸಾರ.

ದುರ್ಯೋಧನನ ತೊಡೆ ಮುರಿದು ಮಂಗಳ ಹಾಡುವಷ್ಟರಲ್ಲಿ ಬೆಳಗಾಗುತ್ತಾ ಬಂದಿತ್ತು. ದುರ್ಯೋಧನನನ್ನು ಹಾರದ ಸಮೇತ ಟ್ರ್ಯಾಕ್ಟರಿನಲ್ಲಿ ಕೂರಿಸಿ ಅವನ ಕಡೆಯವರು ಮೆರವಣಿಗೆ ಹೊರಟರು. ಸೀನರಿಯವರು ಪರದೆ ಬಿಚ್ಚುತ್ತಿದ್ದರು. ನಾನು ಪೆಟ್ಟಿಗೆ ಕಟ್ಟಿಕೊಂಡು ಬಸ್ಸಿಗೆ ಅಂತ ರಸ್ತೆಗೆ ಬಂದರೆ, ದ್ರೌಪದಿ ಮಾಡಿದ್ದ ಕಲಾವಿದೆ ಅರಳಿಕಟ್ಟೆ ಪಕ್ಕ ತಮ್ಮ ಕಬ್ಬಿಣದ ಟ್ರಂಕಿನ ಮೇಲೆ ಕೂತಿದ್ದಾರೆ. ಮುಖದಲ್ಲಿ ಇನ್ನೂ ಅರ್ಧ ಬಣ್ಣ. ಬಣ್ಣದ ಮನೆಯಲ್ಲಿ ಎಣ್ಣೆ ಖಾಲಿಯಾಗಿತ್ತಂತೆ. ಬಾಕಿ ದುಡ್ಡು ಕೊಡಬೇಕಾದ ಯಜಮಾನ ಮನೆಗೆ ಹೋಗಿ ಮಲಗಿದ್ದನಂತೆ. ಎಬ್ಬಿಸಲು ಹೋದರೆ ಬೆಳಗಾಗಲಿ ಅಂದರಂತೆ.

ಎದುರಿಗೆ ಮೂರ್ನಾಲ್ಕು ಹುಡುಗರು. "ದ್ರೌಪದೀ, ಐವರು ಸಾಕಾ, ಇನ್ನೂ ಬೇಕಾ?" ಅಂತ ಒಬ್ಬ. ಅದಕ್ಕೆ ಉಳಿದವರ ಕಿಸಿಕಿಸಿ. ಅದೇ ಹುಡುಗರು ರಾತ್ರಿ ವಸ್ತ್ರಾಪಹರಣದ ಸೀನಿನಲ್ಲಿ ಮುಂದೆ ಕೂತು ಕಣ್ಣೊರೆಸಿಕೊಂಡಿದ್ದರು, ನಾನು ಪೆಟ್ಟಿಗೆ ಮುಂದೆ ಕೂತು ನೋಡಿದ್ದೆ. ಗದರಿಸಿ ಓಡಿಸಿದೆ. ಮೇಷ್ಟ್ರು ಅನ್ನುವ ಭಯಕ್ಕೆ ಹೋದರು. ಟೀ ಅಂಗಡಿ ಬಾಗಿಲು ತೆರೆದ ಮೇಲೆ ಸ್ವಲ್ಪ ಕೊಬ್ಬರಿ ಎಣ್ಣೆ ಇಸಿದುಕೊಂಡು ಬಂದು ಕೊಟ್ಟೆ. ಹಳೇ ಲಂಗದ ಚೂರಿನಲ್ಲಿ ಮುಖ ಒರೆಸಿಕೊಂಡರು. ಹಣೆಯಿಂದ ಶುರುಮಾಡಿ ಕೆಳಕ್ಕೆ, ಕಿವಿಯ ಹಿಂದೆ, ಕತ್ತಿನ ಮಡಿಕೆಯಲ್ಲಿ, ಒಂದಿಷ್ಟೂ ಬಿಡದೆ, ಅವಸರವಿಲ್ಲದೆ. ಬಣ್ಣ ಹೋದ ಮೇಲೆ ನೋಡಿದರೆ ವಯಸ್ಸು ನಲವತ್ತು ದಾಟಿದೆ.

ಏನಾದರೂ ಸಮಾಧಾನ ಹೇಳೋಣ ಅಂತ ನಾನು ಮಾತು ಹುಡುಕುತ್ತಿದ್ದೆ. ಅವರು ಟ್ರಂಕು ತೆಗೆದು ಒಂದು ನೋಟ್‌ಬುಕ್ ಎತ್ತಿಕೊಂಡರು. "ಮೇಷ್ಟ್ರೇ, ಇವತ್ತು ರಾತ್ರಿ ಅರಸೀಕೆರೆ ಕಡೆ ಕೈಕೇಯಿ ಇದೆ. ಅಲ್ಲಿಯ ಮೇಷ್ಟ್ರು ಕರಿ ಒಂದರ ಶ್ರುತಿ ಬಿಟ್ಟು ಮೇಲಕ್ಕೆ ಬರಲ್ಲಂತೆ. ನನಗೆ ಅದು ಜಾಸ್ತಿ ಕೆಳಗಾಯ್ತು. ಒಂದ್ಸಲ ಶ್ರುತಿ ಹಿಡೀರಿ, ಎಲ್ಲಿ ಕೂರುತ್ತೆ ನೋಡ್ತೀನಿ" ಅಂದರು. ಅರಳಿಕಟ್ಟೆ ಮೇಲೆ ಪೆಟ್ಟಿಗೆ ಬಿಚ್ಚಿದೆ. ರಾತ್ರಿಯೆಲ್ಲ ಹಾಡಿದ ಗಂಟಲು. ಆ ಕೆಳಗಿನ ಶ್ರುತಿಯಲ್ಲೇ ಎರಡು ಸಲ ಹಾಡಿ, ಎಲ್ಲಿ ಒತ್ತಬೇಕು, ಎಲ್ಲಿ ಮಾತಿಗೆ ಇಳಿದುಬಿಡಬೇಕು ಅಂತ ನೋಟ್‌ಬುಕ್ಕಿನಲ್ಲಿ ಗುರುತು ಹಾಕಿಕೊಂಡರು. ಬಸ್ಸು ಬಂತು. ಟ್ರಂಕನ್ನು ಟಾಪ್ ಮೇಲೆ ಹಾಕಿಸಿದೆ. ಹೋದರು.

ಅವರನ್ನು ಆಮೇಲೆ ಒಂದು ಸಲ ನೋಡಿದೆ, ತುಮಕೂರಿನಲ್ಲಿ, ಬಹಳ ವರ್ಷದ ಮೇಲೆ. ಕಲಾವಿದರ ಮಾಸಾಶನದ ಅರ್ಜಿ ಹಿಡಿದುಕೊಂಡು ಓಡಾಡುತ್ತಿದ್ದರು. ಇಷ್ಟು ವರ್ಷ ನಾಟಕ ಮಾಡಿದ್ದಕ್ಕೆ ದಾಖಲೆ ಬೇಕಂತೆ. ಒಂದು ಚೀಲದ ತುಂಬ ಹ್ಯಾಂಡ್‌ಬಿಲ್ ಇಟ್ಟುಕೊಂಡಿದ್ದರು. ಬಿಚ್ಚಿ ನೋಡಿದರೆ ಅದರಲ್ಲಿ ಭೀಮನ ಹೆಸರಿದೆ, ಶಕುನಿಯ ಹೆಸರಿದೆ, ಸೀನರಿಯವರ ಹೆಸರಿದೆ, ಹಾರ್ಮೋನಿಯಂ ಅಂತ ನನ್ನ ಹೆಸರೂ ಇದೆ. ಕೆಳಗೆ ಒಂದು ಸಾಲು, "ಸ್ತ್ರೀ ಪಾತ್ರಗಳು: ನುರಿತ ಕಲಾವಿದೆಯರಿಂದ." ಅಷ್ಟೇ. ನಾನು ಒಂದು ಕಾಗದ ಬರೆದುಕೊಟ್ಟೆ, ಇವರು ನನ್ನ ಪೆಟ್ಟಿಗೆಗೆ ಹಾಡಿದ್ದಾರೆ ಅಂತ. ಅದು ಉಪಯೋಗಕ್ಕೆ ಬಂತೋ ಇಲ್ಲವೋ ತಿಳಿಯಲಿಲ್ಲ.

ಆ ಟ್ರಂಕು ನನ್ನ ತಲೆಯಿಂದ ಹೋಗುವುದಿಲ್ಲ ಪುಟ್ಟಿ. ನೀನು ರಾತ್ರಿ ಶೋ ಮುಗಿಸಿ ಹನ್ನೊಂದೂವರೆಗೆ "ಆಟೋ ಸಿಕ್ತು ಅಪ್ಪಾ, ಮಲಗಿ" ಅಂತ ಮೆಸೇಜ್ ಹಾಕುತ್ತೀಯಲ್ಲ, ನಾನು ಮಲಗುವುದಿಲ್ಲ. ಆ ಕಟ್ಟೆ ಕಾಣುತ್ತದೆ. ಆ ಹುಡುಗರು ಕಾಣುತ್ತಾರೆ. ಬೆಂಗಳೂರಿನಲ್ಲಿ ಎಲ್ಲ ಬೇರೆ ಅನ್ನುತ್ತೀಯ. ಟ್ರ್ಯಾಕ್ಟರ್ ಹೋಗಿ ಕಾರು ಬಂದಿರಬಹುದು. ಬಾಕಿ ದುಡ್ಡು ಕೇಳಿದರೆ ಮಲಗಿಬಿಡುವ ಯಜಮಾನರು ಅಲ್ಲೂ ಇದ್ದಾರೆ, ಹೋದ ವರ್ಷ ನಿನಗೇ ಸಿಕ್ಕಿದ್ದರಲ್ಲ.

ಗುಲಾಬಿ ಬಗ್ಗೆ ಬರೆಯೋಣ ಅಂತಿದ್ದೆ, ಮತ್ತೆ ಅರಳಿಕಟ್ಟೆಗೇ ಹೋಗಿಬಿಟ್ಟೆ.

'ಗುಲಾಬಿ ಟಾಕೀಸ್' ಬಂದಿದ್ದು 2008ರಲ್ಲಿ. ವೈದೇಹಿ ಅವರ ಕತೆ, ಗಿರೀಶ್ ಕಾಸರವಳ್ಳಿ ನಿರ್ದೇಶನ. ಕುಂದಾಪುರದ ಕಡೆಯ ಒಬ್ಬ ಮುಸ್ಲಿಂ ಸೂಲಗಿತ್ತಿ, ಸಿನಿಮಾ ಅಂದರೆ ಪ್ರಾಣ. ಒಂದು ಹೆರಿಗೆ ಮಾಡಿಸಿದ್ದಕ್ಕೆ ಬಣ್ಣದ ಟಿ.ವಿ., ಡಿಶ್ ಆಂಟೆನಾ ಮನೆಗೆ ಬರುತ್ತದೆ. ಊರಿನ ಹೆಂಗಸರೆಲ್ಲ ಅವಳ ಮನೆಗೆ ಬರಲು ಶುರುಮಾಡುತ್ತಾರೆ. ಆಮೇಲೆ ಕಾರ್ಗಿಲ್ ಕಾಲ, ಮೀನುಗಾರರ ಜಗಳ, ಊರು ಎರಡು ಭಾಗ. ಎನ್.ಎಸ್. ರಾವ್ ಜೊತೆ ಜಗಳ ಆಡುತ್ತಿದ್ದ ಹೆಂಗಸು ಇವರೇ ಅಂತ ನಂಬುವುದಕ್ಕೆ ನಮ್ಮೂರಿನವರಿಗೆ ಕಷ್ಟವಾಯಿತು. ನನಗೆ ಆಗಲಿಲ್ಲ, ನಾನು ಸಾಕವ್ವನನ್ನು ನೋಡಿದ್ದೆನಲ್ಲ! ಸಿನಿಮಾಕ್ಕೆ ಹೋಗಿ ಅಷ್ಟು ವರ್ಷವಾದರೂ ನಾಟಕ ಅವರನ್ನು ಮರೆತಿರಲಿಲ್ಲ, ಅವರೂ ನಾಟಕವನ್ನು ಬಿಟ್ಟಿರಲಿಲ್ಲ. 55ನೇ ರಾಷ್ಟ್ರಪ್ರಶಸ್ತಿಯಲ್ಲಿ ಅತ್ಯುತ್ತಮ ನಟಿ. ಕನ್ನಡಕ್ಕೆ ಅದು ಅಪರೂಪದ ಪ್ರಶಸ್ತಿ ಕಣಮ್ಮ. ಹಿಂದೆ 'ಕಾಡು' ಚಿತ್ರಕ್ಕೆ ನಂದಿನಿ ಭಕ್ತವತ್ಸಲ ಅವರಿಗೆ ಬಂದಿತ್ತು, 'ಹಸೀನಾ'ಕ್ಕೆ ತಾರಾ ಅವರಿಗೆ.

ಇಲ್ಲೂ ಕಿವಿಯೇ. ನಂಜನಗೂಡಿನ ಮಾತಾಡಿದವರು ಕರಾವಳಿಯ ಮಾತಾಡಿದರು. ನಿನಗೆ ನಮ್ಮೂರಿನ ಭಾಷೆಯಲ್ಲಿ ಮಾತಾಡು ಅಂದದ್ದಕ್ಕೇ ಅವಮಾನವಾಯಿತು.

ಸಾರಿ, ಈ ಮಾತು ಚುಚ್ಚಿತೇನೋ. ಹೊಡೆದು ಹಾಕೋಣ ಅಂದುಕೊಂಡೆ, ಆದರೆ ನಿಜ. ಇರಲಿ.

ಮಧ್ಯದಲ್ಲಿ ರಾಜಕೀಯವೂ ಆಯಿತು. 2013ರಲ್ಲಿ ತೇರದಾಳದಿಂದ ಗೆದ್ದು ಮಂತ್ರಿಯಾದರು. ಅದರ ಬಗ್ಗೆ ನನಗೂ ನಿಮ್ಮ ದೊಡ್ಡಪ್ಪನಿಗೂ ಒಮ್ಮತವಿಲ್ಲ, ಊಟಕ್ಕೆ ಕೂತಾಗ ಬೇಡದ ವಿಷಯ. 2018ರಲ್ಲಿ ಸೋತರು. ಕೆಂಪು ದೀಪದ ಕಾರಿನಲ್ಲಿ ಓಡಾಡಿದವರು ಸೋತ ಮೇಲೆ ಮತ್ತೆ ಮುಖಕ್ಕೆ ಬಣ್ಣ ಹಚ್ಚಿಕೊಂಡು ದಿನಗೂಲಿ ಲೆಕ್ಕದಲ್ಲಿ ದುಡಿಯುವುದನ್ನು ನೀನು ಎಷ್ಟು ಕಡೆ ನೋಡಿದ್ದೀಯ? 2021ರ ಡಿಸೆಂಬರ್‌ನಲ್ಲಿ 'ಪುಟ್ಟಕ್ಕನ ಮಕ್ಕಳು' ಸೀರಿಯಲ್ ಶುರುವಾಯಿತು. ನಿಮ್ಮಮ್ಮ ಆ ಹೊತ್ತಿಗೆ ಯಾರ ಫೋನೂ ಎತ್ತುತ್ತಿರಲಿಲ್ಲ, ನಿನ್ನದನ್ನೂ. ಮೆಸ್ ನಡೆಸಿಕೊಂಡು ಮೂರು ಹೆಣ್ಣುಮಕ್ಕಳನ್ನು ಸಾಕುವ ತಾಯಿ. ನಿನಗೆ ಸೀರಿಯಲ್ ಅಂದರೆ ಮೂಗು ಮುರಿಯುವುದು ಗೊತ್ತು. ಒಂದೇ ಸೀರೆ, ಒಂದೇ ಅಡುಗೆಮನೆ, ವರ್ಷಗಟ್ಟಲೆ. ಅಷ್ಟು ದಿನ ಒಂದೇ ಪಾತ್ರವನ್ನು ಹಳಸದ ಹಾಗೆ ಇಟ್ಟುಕೊಳ್ಳುವುದಕ್ಕೂ ಒಂದು ತಾಕತ್ತು ಬೇಕು.

ಅದೇ ಕಾಲದಲ್ಲಿ ಆಚೆ ಕಡೆ ಬೇಲೂರು ರಘುನಂದನ್ ಬರೆದ 'ಶರ್ಮಿಷ್ಠೆ' ಏಕವ್ಯಕ್ತಿ ನಾಟಕ. ರಂಗದ ಮೇಲೆ ಒಬ್ಬರೇ. ಮೈಕಿನಿಂದ ಪ್ರಾಂಪ್ಟ್ ಇಲ್ಲ, ಕಟ್ ಅನ್ನುವವರಿಲ್ಲ. ಇನ್ನು 2025ರ ಶುರುವಿನಲ್ಲಿ ಹೊನ್ನಾವರದಲ್ಲಿ ಪೆರ್ಡೂರು ಮೇಳದವರ ಜೊತೆ ಯಕ್ಷಗಾನ. 67ನೇ ವಯಸ್ಸಿನಲ್ಲಿ! ಗೆಜ್ಜೆ ಕಟ್ಟಿ, ಭಾಗವತರ ತಾಳಕ್ಕೆ. ಯಾವ ಪಾತ್ರ ಗೊತ್ತಾ? ಮಂಥರೆ.

ಈಗ ನೀನೇ ಹೇಳು. ಮಂಥರೆ ಯಾರು? ಮನೆಕೆಲಸದವಳು. ಶರ್ಮಿಷ್ಠೆ ಯಾರು? ರಾಜನ ಮಗಳು, ಆದರೆ ದೇವಯಾನಿಯ ಮನೆಯಲ್ಲಿ ದಾಸಿ. ಪುಟ್ಟಕ್ಕ ಕಂಡವರಿಗೆ ಅಡುಗೆ ಮಾಡಿ ಹಾಕುವವಳು. ಗುಲಾಬಿ ಸೂಲಗಿತ್ತಿ. ಸಾಕವ್ವನ ಮನೆಯಲ್ಲಿ ನಾಳೆಗೆ ಹಿಟ್ಟಿಲ್ಲ. ಇಷ್ಟು ದೊಡ್ಡ ಕಲಾವಿದೆಯ ಪಟ್ಟಿಯಲ್ಲಿ ಒಬ್ಬಳಾದರೂ ಕುರ್ಚಿಯಲ್ಲಿ ಸುಮ್ಮನೆ ಕೂತವಳು ಸಿಗುತ್ತಾಳಾ ನೋಡು. ಮನೆಕೆಲಸದವಳ ಪಾತ್ರ ಅಂತ ನೀನು ಮೂಗು ಮುರಿದಾಗ ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಹಾಗಂತ ಒಪ್ಪಿಕೋ ಅಂತ ಹೇಳುತ್ತಿಲ್ಲ. ಪಾತ್ರ ನೋಡಿ ಬೇಡ ಅನ್ನಬೇಡ, ಕರೆದವರನ್ನು ನೋಡಿ ಬೇಡ ಅನ್ನು. ನನ್ನ ಮಾತು ಇಷ್ಟೇ. ಅರಳಿಕಟ್ಟೆಯ ಹತ್ತಿರ ಆ ಹೆಂಗಸು ಸಣ್ಣವಳಾಗಿ ಕಂಡದ್ದು ದ್ರೌಪದಿಯ ಪಾತ್ರದಿಂದ ಅಲ್ಲ. ಆ ಪಾತ್ರ ರಾಣಿಯದೇ. ಎಣ್ಣೆ ಇಡದ, ದುಡ್ಡು ಕೊಡದ, ಹ್ಯಾಂಡ್‌ಬಿಲ್ಲಿನಲ್ಲಿ ಹೆಸರು ಹಾಕದ ಜನರಿಂದ. ರಾಣಿ ಪಾತ್ರ ಕೊಟ್ಟು ಬೀದಿಯಲ್ಲಿ ಕೂರಿಸುವವರಿಗಿಂತ, ಕೆಲಸದವಳ ಪಾತ್ರ ಕೊಟ್ಟು ಹೊತ್ತಿಗೆ ಸರಿಯಾಗಿ ಊಟ ಹಾಕುವವರು ವಾಸಿ.

ಬುದ್ಧಿ ಹೇಳುವುದಿಲ್ಲ ಅಂತ ನಿಮ್ಮಮ್ಮನಿಗೆ ಮಾತು ಕೊಟ್ಟು ಕೂತದ್ದು. ಕೊಟ್ಟ ಮೇಲೂ ನಾಲ್ಕು ಮಾತು ಬರುತ್ತಿದೆ, ಓದಿಕೋ. ನಿನ್ನ ಹೆಸರಿರುವ ಒಂದು ಕರಪತ್ರವನ್ನೂ ಬಿಸಾಡಬೇಡ. ಪೇಪರಿನ ತುಂಡು, ಸರ್ಟಿಫಿಕೇಟು, ಒಪ್ಪಂದದ ಪ್ರತಿ, ಎಲ್ಲ ಒಂದು ಫೈಲಿನಲ್ಲಿ ಹಾಕು. ಫೋನಿನಲ್ಲಿದೆ ಅನ್ನಬೇಡ, ನಿನ್ನ ಫೋನು ವರ್ಷಕ್ಕೊಂದು ಸಲ ನೀರಿಗೆ ಬೀಳುತ್ತದೆ. ಸಂಬಳ ಬಂದ ದಿನವೇ ಸ್ವಲ್ಪ ಬೇರೆ ಇಡು. ನಮ್ಮ ಕೆಲಸದಲ್ಲಿ ಮಳೆಗಾಲ ಅಂದರೆ ಪೂರ್ತಿ ಖಾಲಿ, ನಿನ್ನದರಲ್ಲಿ ಮಳೆಗಾಲ ಯಾವಾಗ ಬರುತ್ತದೆ ಅಂತ ಹೇಳಲಿಕ್ಕೂ ಆಗುವುದಿಲ್ಲ. ಆರೋಗ್ಯದ ವಿಮೆ ಮಾಡಿಸು. ಬೆಳಗಿನ ಮಂದ್ರ ಸಾಧನೆ, ಕೆಳಗಿನ ಸ್ವರದಲ್ಲಿ ಗಂಟಲು ಪಳಗಿಸುವುದು, ಬಿಡಬೇಡ. ಸೀರಿಯಲ್‌ನಲ್ಲಿ ಎದೆಯ ಮೇಲೆ ಮೈಕ್ ಇರುತ್ತದೆ, ಗಂಟಲಿಗೆ ಕೆಲಸ ಇರುವುದಿಲ್ಲ, ಎರಡು ವರ್ಷದಲ್ಲಿ ಹಿಂದಿನ ಸಾಲಿಗೆ ಮುಟ್ಟುವ ದನಿ ಹೋಗಿಬಿಡುತ್ತದೆ. ವಾರಕ್ಕೊಂದು ಸಲವಾದರೂ ನಾಟಕದವರ ಜೊತೆ ಕೂತು ತಾಲೀಮು ಮಾಡು. ಮದುವೆ ವಿಷಯ ಎತ್ತುವುದಿಲ್ಲ, ಆ ಮಾತನ್ನಾದರೂ ಉಳಿಸಿಕೊಳ್ಳುತ್ತೇನೆ.

ಬಾಡಿಗೆ ದುಡ್ಡು ನಿನ್ನ ಖಾತೆಗೆ ಹಾಕಿದ್ದೇನೆ. ಕೊಬ್ಬರಿ ಒಳ್ಳೆ ರೇಟಿಗೆ ಹೋಯಿತು, ಸಾಲ ಅಲ್ಲ. ಸೀರಿಯಲ್ ಒಪ್ಪಿಕೊಳ್ಳಲಿ ಅಂತ ಲಂಚವೂ ಅಲ್ಲ. ನೀನು ಊಹೂಂ ಅಂದರೂ ವಾಪಸ್ ಕಳಿಸಬೇಡ.

ಒಂದು ವಿಷಯ ಬಿಟ್ಟುಹೋಗುತ್ತಿತ್ತು. ಹೋದ ತಿಂಗಳು ಮದುವೆಮನೆಯಲ್ಲಿ ನಿನ್ನ ನಾಟಕದ ವಿಡಿಯೋ ತೋರಿಸಿದೆ, ನಮ್ಮ ತಬಲಾದವರಿಗೆ. ಅವರು ಯಾರನ್ನೂ ಹೊಗಳುವವರಲ್ಲ. ಪೂರ್ತಿ ನೋಡಿ, "ಮೇಷ್ಟ್ರೇ, ಇವಳು ಮಾತು ನಿಲ್ಲಿಸಿದಾಗ ತಾಳ ನಿಲ್ಲಲ್ಲ" ಅಂದರು. ನಾನು ಹೂಂ ಅಂತ ಅಷ್ಟಕ್ಕೇ ಬಿಟ್ಟೆ, ಆದರೆ ಆವತ್ತು ಊಟ ಏನಿತ್ತು ಅಂತ ನೆನಪಿಲ್ಲ.

ಗುರುವಾರ ಅವರ ಹತ್ತಿರ ಮಾತಾಡುವಾಗ ಇಷ್ಟು ಕೇಳು. ತಿಂಗಳಿಗೆ ಎಷ್ಟು ದಿನ ಕರೆಯುತ್ತಾರೆ, ದುಡ್ಡು ಎಷ್ಟು ದಿನಕ್ಕೆ ಬರುತ್ತದೆ. ಟೈಟಲ್‌ನಲ್ಲಿ ಹೆಸರು ಹಾಕುತ್ತಾರಾ. ಬಟ್ಟೆ ಬದಲಿಸಲು ಬಾಗಿಲಿರುವ ಕೋಣೆ ಇದೆಯಾ. ಡೈಲಾಗಿನಲ್ಲಿ ನಿನಗೆ ಬೇಡವಾದ ಮಾತಿದ್ದರೆ ಯಾರ ಹತ್ತಿರ ಹೇಳಬೇಕು. ರಾತ್ರಿ ಎಂಟರ ಮೇಲೆ ಶೂಟಿಂಗ್ ಆದರೆ ಮನೆ ಬಾಗಿಲಿನವರೆಗೆ ಗಾಡಿ ಅವರದೇ ಅಂತ ಬರೆಸಿಕೋ. ಬಾಯಿಮಾತು ಬೇಡ, ಕಾಗದದಲ್ಲಿ ಬೇಕು. ಬರೆದುಕೊಡುವುದಿಲ್ಲ ಅಂದರೆ ನೀನು ಬೇಡ ಅನ್ನು, ನಿಮ್ಮ ದೊಡ್ಡಪ್ಪನ ಎದುರು ನಾನೇ ನಿನ್ನ ಪರ ಮಾತಾಡುತ್ತೇನೆ.

ಒಪ್ಪಿಕೊಂಡರೆ ಅವರ ಪ್ರೊಡಕ್ಷನ್ ಮ್ಯಾನೇಜರ್ ನಂಬರ್ ನನಗೂ ಒಂದು ಕಳಿಸು. ನಾನು ಫೋನ್ ಮಾಡುವುದಿಲ್ಲ. ಸುಮ್ನೆ ಇಟ್ಟುಕೊಂಡಿರುತ್ತೇನೆ.

ಅಪ್ಪ